ಎಲ್ಲೋರದ ಬಾಹುಬಲಿ ಮತ್ತು ನಮ್ಮ ನಾಚಿಕೆ

ಬಟ್ಟೆ ಕಳಚಿ ನಾಲ್ಕು ಜನರ ನಡುವೆ ಸಹಜವಾಗಿರಲು ಕಲಿತರೆ ಮನುಷ್ಯ ತನ್ನ ದೇಹವನ್ನು ಇದ್ದಂತೆಯೇ ಒಪ್ಪಿಕೊಳ್ಳುತ್ತಾನೆ ಎಂಬುದು ನಗ್ನತಾವಾದಿಗಳ ಮಾತು. ಪಶ್ಚಿಮದ ಹುಚ್ಚು ಎಂದು ನಕ್ಕುಬಿಡುವಂತಿಲ್ಲ. ಅಂಥ ಕೂಟಗಳಲ್ಲಿ ಬಹಳ ಹಳೆಯದೊಂದು ಹುಟ್ಟಿದ್ದು ನಮ್ಮ ಠಾಣೆಯಲ್ಲಿಯೇ. 1891ರಲ್ಲಿ ನ್ಯಾಯಾಧೀಶ ಚಾರ್ಲ್ಸ್ ಕ್ರಾಫರ್ಡ್ ಕಟ್ಟಿದ ‘ಫೆಲೋಷಿಪ್ ಆಫ್ ದಿ ನೇಕೆಡ್ ಟ್ರಸ್ಟ್’ನಲ್ಲಿ ಇದ್ದವರು ಮೂವರೇ, ಅದು ಬಹುಕಾಲ ಬಾಳಲಿಲ್ಲ. ಆದರೆ ಬತ್ತಲೆ ಮೈಯನ್ನು ನಾಚಿಕೆಯಿಲ್ಲದೆ ನೋಡುವುದು ಹೇಗೆಂಬ ಪ್ರಶ್ನೆಯನ್ನು ಅದಕ್ಕೂ ಸುಮಾರು ಸಾವಿರ ವರ್ಷ ಮೊದಲೇ, ಕನ್ನಡದ ರಾಷ್ಟ್ರಕೂಟರು ಆಳುತ್ತಿದ್ದ ಕಾಲದಲ್ಲಿ, ಎಲ್ಲೋರದ ಶಿಲ್ಪಿಗಳು ಎತ್ತಿಕೊಂಡಿದ್ದರು.

ಛತ್ರಪತಿ ಸಂಭಾಜಿನಗರದಿಂದ ಎಲ್ಲೋರಕ್ಕೆ ಹೋಗುವವರಲ್ಲಿ ಅನೇಕರು ಕೈಲಾಸವನ್ನು ನೋಡಿಯೇ ದಣಿದು ಹಿಂದಿರುಗುತ್ತಾರೆ. ಉತ್ತರದ ತುದಿಯ ಜೈನ ಗುಹೆಗಳನ್ನೂ ನೋಡಬೇಕು. 32ನೆಯ ಗುಹೆಯಾದ ಇಂದ್ರಸಭೆಯಲ್ಲಿ ಬಾಹುಬಲಿ ನಿಂತಿದ್ದಾನೆ. ಕೈಕಾಲುಗಳಿಗೆ ಬಳ್ಳಿ ಹಬ್ಬಿದೆ, ಪಕ್ಕದಲ್ಲಿ ಸ್ತ್ರೀಯರಿದ್ದಾರೆ. ಮಾಂಸಖಂಡಗಳ ಪ್ರದರ್ಶನವಿಲ್ಲ, ಅಗಲವಾದ ಹೆಗಲು, ನಯವಾದ ತೋಳು, ಅಷ್ಟೆ. ಯಾರನ್ನೂ ಮೆಚ್ಚಿಸಬೇಕಾಗಿಲ್ಲದ ಮೈ ಅದು. ಅದೇ ಗುಹೆಯಲ್ಲಿ ಮಾವಿನ ಮರದಡಿ ಕುಳಿತ ಅಂಬಿಕೆಯದು ತುಂಬಿದ ತಾಯಿಯ ಮೈ. ಶಿಲ್ಪಿಗೆ ಎರಡೂ ಸಮಾನವಾಗಿ ಗೌರವದ ವಸ್ತು.

ದಿಗಂಬರತ್ವವು ದೇಹವನ್ನು ತೊರೆಯುವ ದಾರಿಯೇ ಹೊರತು ಒಪ್ಪಿಕೊಳ್ಳುವ ದಾರಿಯಲ್ಲ ಎಂದು ಯಾರಾದರೂ ಆಕ್ಷೇಪಿಸಬಹುದು. ಆಕ್ಷೇಪ ನ್ಯಾಯವಾದುದೇ. ಮುನಿಯ ಬತ್ತಲೆ ಅಪರಿಗ್ರಹದ ಕೊನೆಯ ಮೆಟ್ಟಿಲು. ಅದನ್ನು ಬಿಸಿಲು ಕಾಯಿಸುವವರ ಬತ್ತಲೆಯೊಡನೆ ಒಂದುಮಾಡುವುದು ಸಲ್ಲದು. ಆದರೂ ಪಂಪನ ‘ಆದಿಪುರಾಣ’ ಓದಿದವರಿಗೆ ತಿಳಿದಿದೆ: ಬಾಹುಬಲಿ ದೃಷ್ಟಿಯುದ್ಧ, ಜಲಯುದ್ಧ, ಮಲ್ಲಯುದ್ಧ ಮೂರರಲ್ಲಿಯೂ ಅಣ್ಣನನ್ನು ಗೆದ್ದವನು. ಅವನು ಮೈಯನ್ನು ಹೇಸಿ ಬಿಟ್ಟವನಲ್ಲ. ಮೈಯಿಂದ ಬಂದ ಗೆಲುವನ್ನು ಬಿಟ್ಟವನು. ಅದರಿಂದಲೇ ಆ ವಿಗ್ರಹದಲ್ಲಿ ಕೀಳರಿಮೆಯೂ ಇಲ್ಲ, ಬೀಗುವಿಕೆಯೂ ಇಲ್ಲ.

ಗಾತ್ರದ ಮಾತೂ ಇದೆ. ಶ್ರವಣಬೆಳಗೊಳದ ಗೊಮ್ಮಟ 58 ಅಡಿ. ನಾಸಿಕ ಜಿಲ್ಲೆಯ ಮಾಂಗಿ-ತುಂಗಿಯಲ್ಲಿ 2016ರಲ್ಲಿ ಪ್ರತಿಷ್ಠೆಗೊಂಡ ವೃಷಭದೇವನ ವಿಗ್ರಹ 108 ಅಡಿ. ಭಕ್ತಿಗೆ ಅದು ದೊಡ್ಡದೇ ಇರಬಹುದು; ಆದರೆ ಅಡಿಗಳನ್ನು ಎಣಿಸತೊಡಗಿದ ಕಣ್ಣು ಮೈಯನ್ನು ಮರೆಯುತ್ತದೆ. ಎಲ್ಲೋರದಲ್ಲಿ ಬಾಹುಬಲಿ ನಮ್ಮ ಹತ್ತಿರಕ್ಕೇ ಬರುತ್ತಾನೆ. ಅಲ್ಲಿ ಪರೀಕ್ಷೆಗೊಳಗಾಗುವುದು ಅವನ ಮೈಯಲ್ಲ, ನಮ್ಮ ನೋಟ.

ಹಾಗೆಂದು ಬತ್ತಲೆಯಾದೊಡನೆ ಬಿಡುಗಡೆ ಎಂದಲ್ಲ. ಅಕ್ಕಮಹಾದೇವಿ ಉಡುಗೆಯನ್ನು ತೊರೆದದ್ದು ತಾನೇ ಆರಿಸಿಕೊಂಡು. ಕೂದಲಿನಿಂದ ಮೈ ಮರೆಮಾಡಿದ್ದೇಕೆಂದು ಅಲ್ಲಮ ಕೇಳಿದಾಗಲೂ ಉತ್ತರ ಕೊಟ್ಟವಳು ಅವಳೇ. ಚಂದ್ರಗುತ್ತಿಯ ಬೆತ್ತಲೆಸೇವೆಯಲ್ಲಿ ಹರಕೆಯ ಭಯವಿತ್ತು, ಸುತ್ತ ನೆರೆದ ಜನರ ಕಣ್ಣಿತ್ತು. 1986ರಲ್ಲಿ ಅದನ್ನು ತಡೆಯಹೋದವರ ಮೇಲೆಯೇ ಹಲ್ಲೆ ನಡೆಯಿತು. ಬಳಿಕ ಸರ್ಕಾರ ಅದನ್ನು ನಿಷೇಧಿಸಿತು. ತನ್ನ ಇಚ್ಛೆ ಇಲ್ಲದ ಕಡೆ ಬತ್ತಲೆಯೂ ಒಂದು ಸಂಕೋಲೆಯೇ.

ನಗ್ನತಾವಾದಿಗಳಿಂದ ನಾವು ಪಡೆಯಬೇಕಾದುದು ಬಟ್ಟೆ ಬಿಚ್ಚುವ ಧೈರ್ಯವನ್ನಲ್ಲ, ಇನ್ನೊಬ್ಬರ ಮೈಗೆ ಬೆಲೆ ಕಟ್ಟದಿರುವ ಸಂಯಮವನ್ನು. ಆ ಸಂಯಮ ನಮ್ಮ ಕಲ್ಲಿನಲ್ಲಿದೆ, ಮನೆಗಳಲ್ಲಿಲ್ಲ. ಗೊಮ್ಮಟನಿಗೆ ಕೈಮುಗಿದು ಬಂದವರೇ ಹೆಣ್ಣು ನೋಡುವ ದಿನ ಬಣ್ಣ ಹೇಗೆ, ಎತ್ತರವೆಷ್ಟು, ತುಸು ದಪ್ಪವಲ್ಲವೆ ಎಂದು ಕೇಳುತ್ತಾರೆ. ಒಳಗಿನ ಕೋಣೆಯಲ್ಲಿ ಸೀರೆಯ ನೆರಿಗೆ ಸರಿಮಾಡಿಕೊಳ್ಳುತ್ತಿರುವ ಹುಡುಗಿಗೆ ಅದು ಕೇಳಿಸುತ್ತದೆ.