ಒಂದೇ ಹೆಸರಿನ ಕೃತಿಗಳು: ‘ಮಾಲ್ಗುಡಿ ಡೇಸ್’ ಕುರಿತು ಕೆಲವು ವಿಚಾರಗಳು

ಚಲಚ್ಚಿತ್ರವನ್ನೂ ದೂರದರ್ಶನದ ಧಾರಾವಾಹಿಯನ್ನೂ ಇತಿಹಾಸದ ಆಕರಗಳೆಂದು ಗಣಿಸುವ ಪದ್ಧತಿ ನಮ್ಮ ಕಾಲೇಜುಗಳಲ್ಲಿಯೂ ಈಗ ನೆಲೆಗೊಳ್ಳುತ್ತಿದೆ. ಇದು ಸ್ವಾಗತಾರ್ಹವೇ ಸರಿ. ಆದರೆ ಶಾಸನಗಳ ವಿಷಯದಲ್ಲಿ ನಾವು ವಹಿಸುವ ಎಚ್ಚರವನ್ನು ಈ ಹೊಸ ಆಕರಗಳ ವಿಷಯದಲ್ಲಿ ವಹಿಸುತ್ತಿಲ್ಲ. ಒಂದೇ ಹೆಸರಿನ ಇಬ್ಬರು ಅರಸರನ್ನು ಬೇರ್ಪಡಿಸದೆ ವಂಶಾವಳಿಯನ್ನು ಬರೆಯಲು ಯಾವ ವಿದ್ಯಾರ್ಥಿಯೂ ಮುಂದಾಗಲಾರನು. ಒಂದೇ ಹೆಸರಿನ ಎರಡು ಚಿತ್ರಗಳನ್ನು ಮಾತ್ರ ನಿಶ್ಚಿಂತೆಯಿಂದ ಒಂದೆಂದೇ ಬಗೆಯುತ್ತಾನೆ.

ತೊಡಕು ಹೊಸದಲ್ಲ. ದಾದಾಸಾಹೇಬ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ವು 1913ರ ಮೇ 3ರಂದು ಮುಂಬಯಿಯ ಕಾರೊನೇಷನ್ ಚಿತ್ರಮಂದಿರದಲ್ಲಿ ಸಾರ್ವಜನಿಕ ಪ್ರದರ್ಶನ ಕಂಡಿತು. ಅದೇ ಕಥೆಯನ್ನು ಅವರೇ 1917ರಲ್ಲಿ ಮತ್ತೊಮ್ಮೆ ಚಿತ್ರಿಸಿದರು. ಪುಣೆಯ ರಾಷ್ಟ್ರೀಯ ಚಲಚ್ಚಿತ್ರ ಸಂಗ್ರಹಾಲಯದಲ್ಲಿ ಉಳಿದಿರುವ ಸುರುಳಿಗಳು ಎರಡನೆಯ ಚಿತ್ರಕ್ಕೆ ಸೇರಿದುವೆಂದು ಕೆಲವು ಸಂಶೋಧಕರು ವಾದಿಸಿದ್ದಾರೆ. ಆ ವಾದ ನಿಲ್ಲುವುದಾದರೆ, ಭಾರತದ ಮೊದಲ ಕಥಾಚಿತ್ರವನ್ನು ನೋಡಿದೆವೆಂದು ತಿಳಿದವರಲ್ಲಿ ಅನೇಕರು ಅದನ್ನು ನೋಡಿಯೇ ಇಲ್ಲ. ವರ್ಷವನ್ನು ನಮೂದಿಸಿದರೆ ಸಾಕೆನ್ನುವಂತೆಯೂ ಇಲ್ಲ. 1965ರಲ್ಲಿ ಹುಣಸೂರು ಕೃಷ್ಣಮೂರ್ತಿಯವರ ಕನ್ನಡ ‘ಸತ್ಯ ಹರಿಶ್ಚಂದ್ರ’ವೂ ಕೆ. ವಿ. ರೆಡ್ಡಿಯವರ ತೆಲುಗು ‘ಸತ್ಯ ಹರಿಶ್ಚಂದ್ರ’ವೂ ತೆರೆಕಂಡವು, ಆರ್. ನಾಗೇಂದ್ರರಾಯರ 1943ರ ಕನ್ನಡ ಚಿತ್ರಕ್ಕೂ ಇದೇ ಹೆಸರು.

ಹರಿಶ್ಚಂದ್ರನ ಚಿತ್ರಗಳಲ್ಲಿ ಹೆಸರಿನೊಡನೆ ಕಥೆಯೂ ಒಂದೇ ಆದುದರಿಂದ ಹಾನಿ ಅಷ್ಟಕ್ಕೇ ನಿಲ್ಲುತ್ತದೆ. ಹೆಸರು ಉಳಿದು ಒಳಗಿನ ವಸ್ತು ಬದಲಾದಾಗ ವಿಮರ್ಶಕನ ಕೆಲಸ ಕಠಿನವಾಗುತ್ತದೆ. ‘ಮಾಲ್ಗುಡಿ ಡೇಸ್’ ಇದಕ್ಕೆ ತಕ್ಕ ನಿದರ್ಶನ. ಆರ್. ಕೆ. ನಾರಾಯಣರ ಇಂಗ್ಲಿಷ್ ಕಥಾಸಂಕಲನವು ಈ ಹೆಸರಿನಿಂದ 1943ರಲ್ಲಿ ಪ್ರಕಟವಾಯಿತು. ಶಂಕರ್‌ನಾಗ್ ಅವರು ನಿರ್ದೇಶಿಸಿದ ಧಾರಾವಾಹಿ 1986ರಲ್ಲಿ ದೂರದರ್ಶನದಲ್ಲಿ ಆರಂಭವಾಯಿತು. 2006ರಲ್ಲಿ ಕವಿತಾ ಲಂಕೇಶ್ ಅವರು ಅದನ್ನು ಮುಂದುವರಿಸಿದರು. 2020ರಲ್ಲಿ ಇದೇ ಹೆಸರಿನ ಕನ್ನಡ ಚಲಚ್ಚಿತ್ರವೊಂದು, ವಿಜಯ ರಾಘವೇಂದ್ರರು ಮುಖ್ಯ ಪಾತ್ರವಹಿಸಿದುದು, ಬಿಡುಗಡೆಯಾಯಿತು.

ಧಾರಾವಾಹಿಯಲ್ಲಿ ಸಣ್ಣಕಥೆಗಳಲ್ಲದೆ ‘ಸ್ವಾಮಿ ಅಂಡ್ ಫ್ರೆಂಡ್ಸ್’ (1935), ‘ದಿ ವೆಂಡರ್ ಆಫ್ ಸ್ವೀಟ್ಸ್’ (1967) ಎಂಬ ಎರಡು ಸ್ವತಂತ್ರ ಕಾದಂಬರಿಗಳೂ ಸೇರಿವೆ. ಸಂಕಲನದ ಹೆಸರು ಹೀಗೆ ಕಾದಂಬರಿಗಳನ್ನೂ ಒಳಗೊಂಡಿತು. ಈ ಕೂಡಿಕೆಯ ಪರಿಣಾಮವನ್ನು ನಮ್ಮ ವಿಮರ್ಶಕರು ಸಾಕಷ್ಟು ಗಮನಿಸಿಲ್ಲವೆಂದು ನಮಗೆ ತೋರುತ್ತದೆ. ಸ್ವಾಮಿಯ ಮಾಲ್ಗುಡಿ 1930ರದು. ಕಾದಂಬರಿಯಲ್ಲಿ ಆ ವರ್ಷದ ಆಗಸ್ಟ್ 15ರಂದು ಸರಯೂ ನದಿಯ ದಡದಲ್ಲಿ ಪ್ರತಿಭಟನೆಯ ಸಭೆ ಸೇರುತ್ತದೆ. ಮಿಠಾಯಿ ಅಂಗಡಿಯ ಜಗನ್ ಸ್ವಾತಂತ್ರ್ಯಾನಂತರದ ಗೃಹಸ್ಥ. ಅವನ ಮಗ ಅಮೆರಿಕದಿಂದ ಮರಳಿ ಕಥೆ ಬರೆಯುವ ಯಂತ್ರದ ಮಾತನಾಡುತ್ತಾನೆ. ಗಾಂಧೀಯುಗದ ಉಬ್ಬರಕ್ಕೂ ಅದರ ಇಳಿತಕ್ಕೂ ನಡುವೆ ಮೂರು ದಶಕಗಳ ಅಂತರವಿದೆ. ಧಾರಾವಾಹಿಯಲ್ಲಿ ಎರಡೂ ಒಂದೇ ಹೆಸರಿನ ಕೆಳಗೆ, ಒಂದೇ ಆಗುಂಬೆಯ ಪರಿಸರದಲ್ಲಿ, ನೆರೆಮನೆಗಳಂತೆ ನಿಲ್ಲುತ್ತವೆ. ನಾರಾಯಣರ ಊರಿಗೆ ವಯಸ್ಸಾಗುತ್ತದೆ. ಕಿರುತೆರೆಯ ಊರಿಗೆ ಆಗುವುದಿಲ್ಲ.

ಹೀಗೆಂದ ಮಾತ್ರಕ್ಕೆ ಧಾರಾವಾಹಿ ಕೀಳೆಂದು ನಮ್ಮ ಅಭಿಪ್ರಾಯವಲ್ಲ. ಮಾಸ್ಟರ್ ಮಂಜುನಾಥನ ಸ್ವಾಮಿ, ಗಿರೀಶ ಕಾರ್ನಾಡರ ತಂದೆ, ಅನಂತನಾಗ್ ಅವರ ಜಗನ್, ಎಲ್. ವೈದ್ಯನಾಥನ್ ಅವರ ಸಂಗೀತ, ಆರ್. ಕೆ. ಲಕ್ಷ್ಮಣರ ರೇಖಾಚಿತ್ರ, ಇವು ಮತ್ತೆ ಒಂದೆಡೆ ಕೂಡುವುದು ದುರ್ಲಭ. ತಂದೆಯ ಎದುರು ಹುಡುಗನು ಪುಸ್ತಕ ಹಿಡಿದು ನಿಲ್ಲುವಾಗಿನ ಅಂಜಿಕೆಯನ್ನು ಯಾವ ವ್ಯಾಖ್ಯಾನವೂ ಅಷ್ಟು ಚೆನ್ನಾಗಿ ತಿಳಿಸಲಾರದು.

2020ರ ಚಿತ್ರದ ಮಾತು ಬೇರೆ. ಅದು ನಾರಾಯಣರ ಕಥೆಗಳ ರೂಪಾಂತರವಲ್ಲ; ಮುಪ್ಪಿನ ಲೇಖಕನೊಬ್ಬನು ತನ್ನ ಬಾಲ್ಯ ಯೌವನಗಳನ್ನು ನೆನೆಯುವ ಸ್ವತಂತ್ರ ಕಥೆ. ಅಂಥ ಕಥೆಯನ್ನು ಹೇಳುವ ಹಕ್ಕು ಯಾರಿಗೂ ಇದೆ. ಆದರೆ ಇಲ್ಲಿ ನೆನಪು ಎರಡು ಬಗೆಯದು: ಪಾತ್ರದ ನೆನಪೊಂದು, ಹೆಸರನ್ನು ಕೇಳಿದೊಡನೆ ಪ್ರೇಕ್ಷಕನಲ್ಲಿ ಏಳುವ ಧಾರಾವಾಹಿಯ ನೆನಪೊಂದು. ಮೊದಲನೆಯದನ್ನು ಚಿತ್ರವೇ ಕಟ್ಟಬೇಕು; ಎರಡನೆಯದು ಶೀರ್ಷಿಕೆಯಿಂದಲೇ ಪುಕ್ಕಟೆಯಾಗಿ ದೊರೆಯುತ್ತದೆ. ಈ ಸಾಲವನ್ನು ಲೆಕ್ಕಕ್ಕೆ ಹಿಡಿಯದೆ ಚಿತ್ರದ ಆರ್ದ್ರತೆಯನ್ನು ಹೊಗಳುವುದು ವಿಮರ್ಶೆಯಾಗದು. (ಬೇರೊಂದು ಹೆಸರಿನಿಂದ ಬಂದಿದ್ದರೆ ಚಿತ್ರಕ್ಕೆ ಹೆಚ್ಚು ನ್ಯಾಯ ದೊರೆಯುತ್ತಿತ್ತೋ ಏನೋ.)

ಶಿವಮೊಗ್ಗ ಜಿಲ್ಲೆಯ ಅರಸಾಳು ರೈಲು ನಿಲ್ದಾಣದ ಹಳೆಯ ಕಟ್ಟಡವನ್ನು ಮಾಲ್ಗುಡಿಯ ಹೆಸರಿನ ವಸ್ತುಸಂಗ್ರಹಾಲಯವಾಗಿ ಮಾರ್ಪಡಿಸಲಾಗಿದೆ. ಧಾರಾವಾಹಿಯ ಮಾಲ್ಗುಡಿ ನಿಲ್ದಾಣವಾಗಿದ್ದುದು ಅದೇ. ವಿದ್ಯಾರ್ಥಿಗಳು ಅಲ್ಲಿಗೆ ಅವಶ್ಯವಾಗಿ ಹೋಗಲಿ. 1930ರ ಮದ್ರಾಸ್ ಪ್ರಾಂತದ ಊರೊಂದರ ಕುರುಹನ್ನು ಆ ಗೋಡೆಗಳು ಕೊಡಲಾರವು. ಕನ್ನಡ ರಂಗಭೂಮಿಯ ನಟರು 1986ರಲ್ಲಿ, ಹಿಂದಿಯಲ್ಲಿ ಮಾತನಾಡುತ್ತ, ಮಲೆನಾಡಿನ ನಡುವೆ ನಿಂತು ಆ ಊರನ್ನು ಹೇಗೆ ಕಲ್ಪಿಸಿಕೊಂಡರೆಂಬುದಕ್ಕೆ ಅವು ಒಳ್ಳೆಯ ಸಾಕ್ಷಿ.