ವಠಾರದ ನಗೆ ಮತ್ತು ಗೇಟಿನ ಹೊರಗಿನವರು

ಫಣಿ ರಾಮಚಂದ್ರ ನಿರ್ದೇಶಿಸಿ ಅನಂತನಾಗ್ ನಾಯಕರಾದ ‘ಗಣೇಶನ ಮದುವೆ’ (1990), ‘ಗೌರಿ ಗಣೇಶ’ (1991), ‘ಗಣೇಶ ಸುಬ್ರಹ್ಮಣ್ಯ’ (1992) ಟಿ.ವಿ.ಯಲ್ಲಿ ಬಂದರೆ ಇವತ್ತಿಗೂ ಮನೆಮಂದಿಯೆಲ್ಲ ಕೂತು ನೋಡತಾರೆ. ಇವು ಬರೀ ಟೈಂಪಾಸು ಅಂತ ಮೂಗು ಮುರಿಯುವ ಗೆಳೆಯರು ನಮ್ಮಲ್ಲೂ ಇದ್ದಾರೆ. ನಾನು ಒಪ್ಪುವುದಿಲ್ಲ. ನಗೆ ಯಾರ ಮೇಲೆ ಬೀಳುತ್ತದೆ ಅನ್ನುವುದೂ ರಾಜಕೀಯವೇ.

ಅದಕ್ಕೂ ಮುಂಚಿನ ಎಷ್ಟೋ ಸಿನಿಮಾಗಳಲ್ಲಿ ನಾಯಕ ಬೇರೆ, ನಗಿಸುವವ ಬೇರೆ. ರಾಜಕುಮಾರ್ ಪಕ್ಕ ನರಸಿಂಹರಾಜು ಇದ್ದಹಾಗೆ. ನಾಯಕನ ಮಾನ ಉಳಿಯಲಿಕ್ಕೆ ಆಳು, ಅಡಿಗೆಯವ, ಹಳ್ಳಿಗ ನಗೆಗೀಡಾಗಬೇಕು. ನಮ್ಮ ಬಿಜಾಪುರದ ಕಡೆಯ ಮಾತೂ ಹೀಗೇ ನಗೆಪಾಟಲಾಗಿದೆ. ಫಣಿ-ಅನಂತನಾಗ್ ಜೋಡಿ ಈ ಏರ್ಪಾಡು ಮುರಿಯಿತು. ಇಲ್ಲಿ ಓದು ಕಲಿತ ನಾಯಕನೇ ಪೇಚಿಗೆ ಬೀಳುತ್ತಾನೆ. ಫಣಿ ಗಂಟು ಹಾಕುತ್ತಾರೆ. ಅನಂತನಾಗ್ ಅದರೊಳಗೆ ಬಿದ್ದು ಹೊರಳಾಡುವುದಿಲ್ಲ. ಗಂಭೀರ ಮುಖದಲ್ಲೇ ಒಂದು ಸುಳ್ಳು ಹೇಳಿ, ಅದನ್ನು ಉಳಿಸಲು ಇನ್ನೊಂದು ಹೇಳುತ್ತಾರೆ. ‘ಗೌರಿ ಗಣೇಶ’ದಲ್ಲಿ ಶ್ರೀಮಂತರಿಂದ ಹಣ ಕೀಳುವಾಗಲೂ ಆ ಮುಖ ಬ್ಯಾಂಕಿನ ಕಾರಕೂನನದು! 1974ರ ‘ಅಂಕುರ್’ನಲ್ಲಿ ದಲಿತ ಹೆಣ್ಣನ್ನು ಬಳಸಿ ಕೈಬಿಟ್ಟ ಜಮೀನ್ದಾರನ ಮಗನಾದವರೂ ಇವರೇ. ಅಲ್ಲಿ ಆ ಮೆತ್ತನೆಯ ಮುಖ ಹೇಸಿಗೆ ಹುಟ್ಟಿಸಿತು, ಇಲ್ಲಿ ನಗಿಸುತ್ತದೆ. ಸಭ್ಯತೆಯ ಹಿಂದಿನ ಪುಕ್ಕಲುತನ ಎರಡೂ ಕಡೆ ಒಂದೇ.

‘ಗಣೇಶನ ಮದುವೆ’ಯ ವಠಾರಕ್ಕೆ ಬರೋಣ. ಮಾಲೀಕ ರಮಣಮೂರ್ತಿ (ಮುಖ್ಯಮಂತ್ರಿ ಚಂದ್ರು) ಮತ್ತು ಬಾಡಿಗೆದಾರರ ಜಗಳ ನಿಲ್ಲುವುದೇ ಇಲ್ಲ. ಮಾಲೀಕನ ಮಗಳು ಆದಿಲಕ್ಷ್ಮಿಯನ್ನು ಕಂಡರೆ ಗಣೇಶನಿಗೆ ಆಗದು. ಆದರೆ ಮುಖ ನೋಡದ ಗಾಯಕಿ ಶ್ರುತಿಗೆ ಪತ್ರ ಬರೆದು ಮನಸ್ಸು ಕೊಡುತ್ತಾನೆ. ಇಬ್ಬರೂ ಒಬ್ಬಳೇ. ಗುಟ್ಟು ಒಡೆದರೆ ಮದುವೆ.

ನಮ್ಮ ಕಡೆ ಗುಟ್ಟು ಒಡೆದರೆ ಏನಾಗುತ್ತದೆ? ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿಯಿಂದ ವಿಜಯಪುರಕ್ಕೆ ಓದಲು ಬಂದ ಹುಡುಗರನ್ನು ಕೇಳಿರಿ. ಖೋಲಿ ತೋರಿಸ್ತಾರ, ಬಾಡಿಗಿ ಹೇಳ್ತಾರ, ಆಮ್ಯಾಲ ಮೆಲ್ಲಗ ‘ನೀವು ಯಾವ ಮಂದಿರಿ?’ ಅಂತಾರ. ಖರೆ ಹೇಳಿದರೆ ‘ನಾಳಿ ಬರ್ರಿ’. ಸುಳ್ಳು ಹೇಳಿ ಒಳಗೆ ಸೇರಿದವನು ಅಡ್ಡಹೆಸರು ನುಂಗುತ್ತಾನೆ, ಬಾಬಾಸಾಹೇಬರ ಫೋಟೋ ಟ್ರಂಕಿನಲ್ಲಿಡುತ್ತಾನೆ, ಊರಿಂದ ಅಪ್ಪ ಬಂದರೆ ಬಸ್‌ಸ್ಟ್ಯಾಂಡಿನಲ್ಲೇ ಮಾತಾಡಿಸಿ ಕಳಿಸುತ್ತಾನೆ. ಸುಳ್ಳಿನ ಮೇಲೆ ಸುಳ್ಳು, ಥೇಟ್ ಗಣೇಶನ ಹಾಗೆ. ಗುಟ್ಟು ಒಡೆದ ದಿನ ಟ್ರಂಕು ಬೀದಿಗೆ.

ಫಣಿಯವರ ವಠಾರದ ಜಗಳವೆಲ್ಲ ಗೇಟು ದಾಟಿ ಒಳಗೆ ಬಂದವರ ಜಗಳ. ಗೇಟಿನಲ್ಲಿ ನಿಂತವನ ಕತೆ ಕಟ್ಟಲು ಅವರಿಗೆ ಕಸುಬು ಇತ್ತು, ಅನಂತನಾಗ್‌ಗೆ ಮುಖವಿತ್ತು. ಆ ಕಡೆ ಇಬ್ಬರೂ ತಿರುಗಲಿಲ್ಲ. ಈ ಸಲದ ಕಾಲೇಜು ಗ್ಯಾದರಿಂಗಿಗೆ ನಮ್ಮ ಹುಡುಗರೇ ಆ ಪ್ರಹಸನ ಬರೆದು ಆಡಲಿ. ಪಾತ್ರ ಎರಡು ಸಾಕು: ಮಾಲೀಕ, ಖೋಲಿ ಕೇಳಲು ಬಂದವ. ಮುಂದಿನ ಸಾಲಿನಲ್ಲಿ ಊರಿನ ಮನೆ ಮಾಲೀಕರನ್ನು ಕೂರಿಸಿರಿ.