ಎರಡು ಕಪ್ಪುಗಳು

ಕನ್ನಡದಲ್ಲಿ ಸೂಫಿಗಳ ಬಗ್ಗೆ ಬರೆಯುವವರು ಹೆಚ್ಚಾಗಿ ಬಣ್ಣದಿಂದಲೇ ಶುರು ಮಾಡುತ್ತಾರೆ. ದರ್ಗಾದ ಹಸಿರು ಚಾದರ, ಫಕೀರನ ಬಿಳಿ ಜುಬ್ಬ, ಉರುಸಿನ ರಾತ್ರಿಯ ದೀಪಗಳು. ಆ ಬಣ್ಣಗಳನ್ನು ಅಳಿಸಿಬಿಟ್ಟರೂ ವಾಕ್ಯದ ಅರ್ಥವೇನೂ ಕೆಡುವುದಿಲ್ಲ. ಅವು ಅಲಂಕಾರಕ್ಕೆ ಬಂದಿರುತ್ತವೆ, ಅಷ್ಟೆ. ಆದರೆ ತಸವ್ವುಫ್‌ನ ಚರಿತ್ರೆಯಲ್ಲಿ ಬಣ್ಣವನ್ನು ಅಕ್ಷರದಂತೆ ಓದಿದ, ಓದಲು ಕಲಿಸಿದ ಒಂದು ಪರಂಪರೆಯೇ ಇದೆ: ಕುಬ್ರವಿ ತರೀಕತ್.

ಅದರ ಮೂಲಪುರುಷ ಖ್ವಾರಝ್ಮ್‌ನ ನಜ್ಮುದ್ದೀನ್ ಕುಬ್ರಾ. 1221ರ ಮಂಗೋಲ್ ದಾಳಿಯಲ್ಲಿ ತೀರಿಕೊಂಡವರು. ಏಕಾಂತದಲ್ಲಿ ಝಿಕ್ರ್ ಮಾಡುತ್ತ ಕುಳಿತ ಮುರೀದನಿಗೆ ಕಾಣುವ ಬೆಳಕುಗಳನ್ನು ಅವರು ‘ಫವಾಯಿಹುಲ್ ಜಮಾಲ್’ ಎಂಬ ಅರಬಿ ಗ್ರಂಥದಲ್ಲಿ ದಾಖಲಿಸಿದರು. ಅದರಲ್ಲಿ ಪವಾಡದ ಉತ್ಸಾಹಕ್ಕಿಂತ ವೈದ್ಯನ ಎಚ್ಚರಿಕೆಯೇ ಹೆಚ್ಚು. ಝಿಕ್ರ್‌ನ ಬೆಂಕಿ ನಿರ್ಮಲವಾಗಿ ಉರಿದು ಮೇಲೇರುತ್ತದೆ, ಶೈತಾನನ ಬೆಂಕಿಗೆ ಹೊಗೆ ಇರುತ್ತದೆ. ಎರಡೂ ಬೆಂಕಿಯೇ. ವ್ಯತ್ಯಾಸ ತಿಳಿಯದವನು ಕಂಡದ್ದಕ್ಕೆಲ್ಲ ಮೋಸಹೋಗುತ್ತಾನೆ.

ಈ ಓದನ್ನು ಪೂರ್ಣ ವರ್ಣಮಾಲೆಯಾಗಿ ಬೆಳೆಸಿದವರು ಅಲಾವುದ್ದೌಲಾ ಸಿಮ್ನಾನಿ (1261-1336). ಇಲ್‌ಖಾನಿ ಅರಸು ಅರ್ಘೂನನ ಆಸ್ಥಾನದಲ್ಲಿದ್ದು, ಆ ವೈಭವವನ್ನು ಬಿಟ್ಟು ಬಂದವರು. ಮನುಷ್ಯನೊಳಗೆ ಏಳು ಲತೀಫಾಗಳಿವೆ, ಒಂದೊಂದಕ್ಕೂ ಒಬ್ಬ ಪ್ರವಾದಿ ಮತ್ತು ಒಂದು ಬಣ್ಣವಿದೆ ಎಂದರು. ಆದಮ್(ಅ)ರದು ಹೊಗೆಗಪ್ಪು, ನೂಹ್(ಅ)ರದು ನೀಲಿ, ಇಬ್ರಾಹೀಮ್(ಅ)ರದು ಕೆಂಪು, ಮೂಸಾ(ಅ)ರದು ಬಿಳಿ, ದಾವೂದ್(ಅ)ರದು ಹಳದಿ, ಈಸಾ(ಅ)ರದು ಹೊಳೆಯುವ ಕಪ್ಪು. ಕೊನೆಯದು ಪ್ರವಾದಿ ಮುಹಮ್ಮದ್(ಸ)ರ ಹಸಿರು.

ಈ ಪಟ್ಟಿಯಲ್ಲಿ ನಮ್ಮನ್ನು ಹಿಡಿದು ನಿಲ್ಲಿಸುವುದು ಹಸಿರಲ್ಲ, ಕಪ್ಪು. ಅದು ಎರಡು ಸಲ ಬರುತ್ತದೆ. ಮೊದಲನೆಯದು ಮಣ್ಣಿನ ದೇಹದ ಮಬ್ಬು. ಆರನೆಯದು ಕಣ್ಣು ಕೋರೈಸುವಷ್ಟು ಸಮೀಪಕ್ಕೆ ಬಂದ ಬೆಳಕು. ಹೆಸರು ಒಂದೇ, ಅರ್ಥ ತದ್ವಿರುದ್ಧ. ಅದಕ್ಕೇ ಕಂಡದ್ದನ್ನು ಕೂಡಿಸದೆ ಕಳೆಯದೆ ಪೀರರಿಗೆ ಒಪ್ಪಿಸಬೇಕೆಂಬ ಶಿಸ್ತು ಈ ತರೀಕತ್‌ನಲ್ಲಿ ಬಂತು. ಸ್ವತಃ ಸಿಮ್ನಾನಿಯೂ ತಮಗೆ ಕಂಡದ್ದನ್ನು ಬಾಗ್ದಾದಿನಲ್ಲಿದ್ದ ಗುರು ನೂರುದ್ದೀನ್ ಇಸ್ಫರಾಯಿನಿಗೆ ತಿಳಿಸಿ ಅರ್ಥ ಕೇಳಿದವರೇ.

ಬಣ್ಣ ಒಂದು ಭಾಷೆ ಎಂಬ ಮಾತು ಕನ್ನಡಕ್ಕೆ ಹೊಸದೇನಲ್ಲ. ವರ್ಣ ಎಂದರೆ ಬಣ್ಣ, ವರ್ಣ ಎಂದರೆ ಅಕ್ಷರ. ಬಣ್ಣಿಸುವುದೆಂದರೆ ಮಾತಿನಲ್ಲಿ ಕಾಣಿಸುವುದು. ಆದರೆ ಅದೇ ವರ್ಣ ಮನುಷ್ಯರನ್ನು ಮೇಲು ಕೀಳೆಂದು ವಿಂಗಡಿಸುವ ಮಾತೂ ಆಯಿತು. ಇನ್ನು ‘ಬಣ್ಣದ ಮಾತು’ ಎಂದರೆ ಸುಳ್ಳು, ‘ಬಣ್ಣ ಬಯಲಾಯಿತು’ ಎಂದರೆ ಮುಚ್ಚಿಟ್ಟದ್ದು ಹೊರಬಿತ್ತು. ಉರ್ದುವಿನಲ್ಲಿ ಹೆದರಿದವನ ಮುಖದ ‘ರಂಗ್’ ಹಾರಿಹೋಗುತ್ತದೆ, ದುಡಿಮೆ ‘ರಂಗ್’ ತರುತ್ತದೆ. ಅಲ್ಲಿ ಬಣ್ಣ ನಿಜ ಹೇಳುತ್ತದೆ, ಇಲ್ಲಿ ನಿಜವನ್ನು ಮುಚ್ಚುತ್ತದೆ. ಎರಡೂ ಶಾಲೆಗಳಲ್ಲಿ ಓದಿದವರಿಗೆ ಈ ಜಗಳ ಚೆನ್ನಾಗಿ ಗೊತ್ತು. ಕುರ್‌ಆನಿನ ರೂಮ್ ಅಧ್ಯಾಯವಂತೂ (30:22) ಭಾಷೆಗಳ ಮತ್ತು ಬಣ್ಣಗಳ ವೈವಿಧ್ಯವನ್ನು ಒಂದೇ ಉಸಿರಿನಲ್ಲಿ ದೃಷ್ಟಾಂತವೆಂದು ಕರೆಯುತ್ತದೆ. ದೃಷ್ಟಾಂತವನ್ನು ಓದಬೇಕು. ನಾವೋ ಅದನ್ನು ಹೆಗಲಿಗೆ ಹಾಕಿಕೊಂಡೆವು. 2022ರ ಫೆಬ್ರವರಿಯಲ್ಲಿ ಕರ್ನಾಟಕದ ಕಾಲೇಜು ಗೇಟುಗಳಲ್ಲಿ ಶಾಲಿನ ಬಣ್ಣವಷ್ಟೇ ಕಂಡಿತು, ಅದನ್ನು ಹೊದ್ದ ಮಕ್ಕಳು ಕಾಣಲಿಲ್ಲ. ಏಳೂ ಬಣ್ಣಗಳು ಒಬ್ಬನೇ ಮನುಷ್ಯನೊಳಗಿವೆ ಎಂದ ಸಿಮ್ನಾನಿಯ ಮಾತು ಆ ಗೇಟಿನ ಎರಡೂ ಬದಿಗೆ ಅಪರಿಚಿತ.

ಈ ಪರಂಪರೆಯನ್ನು ಆಧುನಿಕ ಓದುಗರಿಗೆ ಪರಿಚಯಿಸಿದ ಕೀರ್ತಿ ಬಹುಮಟ್ಟಿಗೆ ಫ್ರಾನ್ಸಿನ ವಿದ್ವಾಂಸ ಹೆನ್ರಿ ಕಾರ್ಬಿನ್‌ಗೆ ಸಲ್ಲುತ್ತದೆ. ಇರಾನಿ ಸೂಫಿಗಳ ಬೆಳಕಿನ ಮನುಷ್ಯನನ್ನು ಕುರಿತ ಅವರ ಗ್ರಂಥ 1971ರಲ್ಲಿ ಬಂತು. ಅದರ ಉಪಕಾರ ದೊಡ್ಡದು. ಆದರೂ ನಮ್ಮ ತಕರಾರು ಒಂದಿದೆ. ಕಾರ್ಬಿನ್ ಈ ಬಣ್ಣಗಳನ್ನು ಅಂತರಂಗದ ಲೋಕಕ್ಕೆ ಎಷ್ಟು ಎತ್ತರಿಸುತ್ತಾರೆಂದರೆ, ಅವು ಮಣ್ಣಿಗೆ ತಾಗುವುದೇ ಇಲ್ಲ. ಸಿಮ್ನಾನಿ ಹಾಗಿರಲಿಲ್ಲ. ಉಳುವ ನೆಲವನ್ನು ಅಲಕ್ಷ್ಯದಿಂದ ಪಾಳು ಬಿಟ್ಟವನು, ಬೆಳೆಯದೆ ಹೋದ ಧಾನ್ಯಕ್ಕೆ ಪರಲೋಕದಲ್ಲಿ ಲೆಕ್ಕ ಕೊಡಬೇಕಾಗುತ್ತದೆ ಎಂಬ ಅವರ ನಿಲುವನ್ನು ಜಾಮಿಯ ‘ನಫಹಾತುಲ್ ಉನ್ಸ್’ ಉಳಿಸಿಕೊಟ್ಟಿದೆ. ಬಣ್ಣ ಓದುವ ಸೂಫಿ ಹೊಲವನ್ನೂ ಓದುತ್ತಿದ್ದರು.

ಹಾಗಾದರೆ ಈ ಓದನ್ನು ಬಿಡದಿ ಬಳಿಯ ಬೈರಮಂಗಲದ ಕೆರೆ ಏರಿಯ ಮೇಲೆ ನಿಂತು ಪರೀಕ್ಷಿಸಬಾರದೇಕೆ? ಬೆಂಗಳೂರಿನ ಬಸವನಗುಡಿ ಕಡೆ ಹುಟ್ಟುವ ವೃಷಭಾವತಿ ನಗರದ ಕೊಳಚೆಯನ್ನೂ ಕಾರ್ಖಾನೆಗಳ ತ್ಯಾಜ್ಯವನ್ನೂ ಹೊತ್ತು ಈ ಕೆರೆಗೆ ಬರುತ್ತದೆ. ಇಲ್ಲಿಂದ ಮುಂದೆ ಅರ್ಕಾವತಿ, ಆಮೇಲೆ ಸಂಗಮದಲ್ಲಿ ಕಾವೇರಿ. ಕೆರೆಯ ನೀರು ಕಪ್ಪು. ಹಳ್ಳಿಯ ರೈತನಿಗೆ ಕಪ್ಪು ಕೆಟ್ಟ ಬಣ್ಣವಾಗಿರಲಿಲ್ಲ. ಕೆರೆ ಬತ್ತಿದಾಗ ಗಾಡಿಗೆ ತುಂಬಿ ಹೊಲಕ್ಕೆ ಹೊಡೆಯುತ್ತಿದ್ದ ಗೋಡುಮಣ್ಣು ಕಪ್ಪೇ, ಅದರಲ್ಲಿ ರಾಗಿ ಹುಲುಸಾಗುತ್ತಿತ್ತು. ಈಗ ಹರಿದುಬರುವುದೂ ಕಪ್ಪೇ. ಎರಡು ಕಪ್ಪುಗಳ ಅಂತರವನ್ನು ಯಾವ ಗ್ರಂಥವನ್ನೂ ತೆರೆಯದೆ ಆತನ ಮೂಗು, ಕಾಲಿನ ಚರ್ಮ ಓದಿ ಮುಗಿಸಿವೆ. ಹಸಿರಿನದು ಇನ್ನೂ ಕಷ್ಟದ ಪಾಠ. ಅದೇ ನೀರು ಕುಡಿದ ಮೇವಿನ ಹುಲ್ಲು ಕಣ್ಣಿಗೆ ಹಬ್ಬವಾಗುವಂತೆ ಬೆಳೆದು ನಿಲ್ಲುತ್ತದೆ. ಅದನ್ನು ತಿಂದ ಹಸುವಿನ ಹಾಲಂತೂ ಬೆಳ್ಳಗೇ ಇರುತ್ತದೆ.

ನೀರು ದುಮುಕುವಲ್ಲಿ ಬಿಳಿ ನೊರೆ ಏಳುತ್ತದೆ. ಪತ್ರಿಕೆಗಳ ಫೋಟೊದಲ್ಲಿ ಅದು ಸುಂದರವಾಗಿ ಕಾಣುತ್ತದೆ, ಬರೆಯುವವರಿಗೆ ಹಿಮ, ಹತ್ತಿ, ಮಲ್ಲಿಗೆ ಎಲ್ಲ ನೆನಪಾಗುತ್ತವೆ. ಅಂಥ ವರ್ಣನೆ ಹಿಡಿದು ಬಂದ ಮುರೀದನನ್ನು ಇಸ್ಫರಾಯಿನಿಯಂಥ ಗುರು ಕೂರಲೂ ಬಿಡದೆ, ಇನ್ನೊಮ್ಮೆ ಹೋಗಿ ಸರಿಯಾಗಿ ನೋಡಿ ಬಾ ಎಂದು ಕಳಿಸುತ್ತಿದ್ದರು.